ಅವ್ವನ ಮಾತು ಯಾವ ಶಾಖೆಗೆ ಸೇರಿದ್ದು

ನಾನು ಬೆಳೆದದ್ದು ಹೊಳಲ್ಕೆರೆಯ ಹೆಣ್ಣುಮಕ್ಕಳ ಹಾಸ್ಟೆಲೊಂದರ ಹಿಂಬದಿಯ ಕೋಣೆಯಲ್ಲಿ. ಅವ್ವ ಅಲ್ಲಿ ಅಡುಗೆ ಸಹಾಯಕಿ. ಅಪ್ಪ ತೀರಿಕೊಂಡ ಮೇಲೆ ಹೊಸದುರ್ಗದ ಕಡೆಯ ತನ್ನ ತಾಂಡಾ ಬಿಟ್ಟು, ಮೂರು ವರ್ಷದ ನನ್ನನ್ನು ಕಂಕುಳಲ್ಲಿ ಎತ್ತಿಕೊಂಡು ಬಂದು ಆ ಕೆಲಸಕ್ಕೆ ಸೇರಿದ್ದಳಂತೆ. ತಾಂಡಾ ಅಂದರೆ ಲಂಬಾಣಿ ಜನರ ಊರು. ಅಲ್ಲಿ ಮನೆಯೊಳಗೂ ಬೀದಿಯಲ್ಲೂ ಕೇಳುವುದು ಲಂಬಾಣಿ ಮಾತು. ಹಾಸ್ಟೆಲಿನಲ್ಲಿ ಆ ಮಾತು ಬರುತ್ತಿದ್ದವರು ನಾವಿಬ್ಬರೇ.

ನನಗೆ ಆರು ವರ್ಷವಿರಬೇಕು. ಒಂದು ಮಧ್ಯಾಹ್ನ ಹುಡುಗಿಯರೆಲ್ಲ ಸಾಲಾಗಿ ಊಟಕ್ಕೆ ಕೂತಿದ್ದರು. ನಾನು ಅಂಗಳದಲ್ಲಿ ಬಿದ್ದು ಮೊಣಕಾಲು ತರಚಿಕೊಂಡು, "ಯಾಡೀ" ಎಂದು ಕಿರುಚುತ್ತಾ ಒಳಗೆ ಓಡಿದೆ. ನಮ್ಮ ಮಾತಿನಲ್ಲಿ ಯಾಡಿ ಅಂದರೆ ತಾಯಿ. ಹುಡುಗಿಯರಿಗೆ ಅದು ಹೇಗೆ ಕೇಳಿಸಿತೋ, ಒಬ್ಬಳು ನಕ್ಕಳು, ಆಮೇಲೆ ಇಡೀ ಸಾಲೇ ನಕ್ಕಿತು. ಅವ್ವ ಸಾರಿನ ಸೌಟು ಹಿಡಿದು ನಿಂತಿದ್ದಳು. ನನ್ನತ್ತ ಬರಲಿಲ್ಲ. ಸಾರು ಬಡಿಸುವುದನ್ನು ಮುಗಿಸಿದಳು.

ಸಂಜೆ ತಲೆ ಬಾಚುತ್ತಾ ಹೇಳಿದಳು: "ಇನ್ನು ಮ್ಯಾಲೆ ನನ್ನ ಅವ್ವ ಅಂತ ಕರಿ."

"ಯಾಕೆ?"

"ಕರಿ ಅಂದ್ರೆ ಕರಿ."

ಅಂದಿನಿಂದ ಅವಳು ನನ್ನೊಂದಿಗೆ ಲಂಬಾಣಿಯಲ್ಲಿ ಒಂದು ಮಾತನ್ನೂ ಆಡಲಿಲ್ಲ. ನಾನು ಮರೆತು ಆಡಿದರೆ ಕೇಳಿಸದವಳ ಹಾಗೆ ಇರುತ್ತಿದ್ದಳು. ಕನ್ನಡದಲ್ಲಿ ಕೇಳಿದಾಗಲೇ ಉತ್ತರ. ವರ್ಷಕ್ಕೊಮ್ಮೆ ತಾಂಡಾದಿಂದ ಅವಳ ತಂಗಿ, ನನ್ನ ಚಿಕ್ಕವ್ವ, ಬಂದಾಗ ಇಬ್ಬರೂ ಹಿತ್ತಲ ಹುಣಸೆಮರದ ಕೆಳಗೆ ಹೋಗಿ ಕೂತು ಮಾತಾಡಿಕೊಳ್ಳುತ್ತಿದ್ದರು. ಅವ್ವ ಅಲ್ಲಿ ಕೈ ತಿರುಗಿಸಿ ಮಾತಾಡುತ್ತಿದ್ದ ರೀತಿ, ಜೋರಾಗಿ ನಗುತ್ತಿದ್ದ ರೀತಿ, ನನ್ನೊಂದಿಗೆ ಇರುವಾಗ ಎಂದೂ ನೋಡಿದ್ದಲ್ಲ. ಕಿಟಕಿಯಲ್ಲಿ ನಿಂತು ನೋಡುತ್ತಿದ್ದೆ. ಮೊದಮೊದಲು ಅವರ ಮಾತು ತಿಳಿಯುತ್ತಿತ್ತು. ಹತ್ತು ವರ್ಷವಾಗುವ ಹೊತ್ತಿಗೆ ಅದು ಬರೀ ಸದ್ದಾಯಿತು.

ಮುಂದೆ ಕನ್ನಡದಲ್ಲಿ ಎಂ.ಎ. ಓದಲು ಹೋದೆ. ಭಾಷಾವಿಜ್ಞಾನದ ತರಗತಿಯಲ್ಲಿ ಮೇಷ್ಟ್ರು ಬೋರ್ಡಿನ ಮೇಲೆ ಭಾಷೆಗಳ ವಂಶವೃಕ್ಷ ಬರೆದರು. ಒಂದು ಕಡೆ ದ್ರಾವಿಡ ಕುಟುಂಬ. ಅದರ ದಕ್ಷಿಣದ ಶಾಖೆಯಲ್ಲಿ ಕನ್ನಡ, ತಮಿಳು, ತುಳು, ಕೊಡವ. ತೆಲುಗು ಅಲ್ಲೇ ಪಕ್ಕದ ಇನ್ನೊಂದು ಶಾಖೆಯಲ್ಲಿ. ಬೋರ್ಡಿನ ಆ ತುದಿಯಲ್ಲಿ ಇಂಡೋ-ಆರ್ಯನ್: ಹಿಂದಿ, ಮರಾಠಿ, ಗುಜರಾತಿ, ರಾಜಸ್ಥಾನಿ. ರಾಜಸ್ಥಾನಿಯ ಕೆಳಗೆ ಸಣ್ಣ ಗೆರೆ ಎಳೆದು ಮೇಷ್ಟ್ರು ಲಂಬಾಣಿ ಎಂದು ಬರೆದರು. ಹೊಸದುರ್ಗದ ಪಕ್ಕದ ಮಾತು ಬೋರ್ಡಿನ ಅಷ್ಟು ದೂರದ ಮೂಲೆಯಲ್ಲಿ ಹೋಗಿ ಕೂತಿತ್ತು. ಬದಿಗೆ ಬದಿ ಮನೆ ಕಟ್ಟಿಕೊಂಡಿರುವ ಜನರ ಭಾಷೆಗಳು ಒಂದೇ ಕುಟುಂಬದವು ಆಗಿರಬೇಕಿಲ್ಲ, ಸಾವಿರಾರು ಮೈಲಿ ದೂರದವು ಅಕ್ಕತಂಗಿಯರಾಗಿರಬಹುದು ಎಂದು ಮೇಷ್ಟ್ರು ವಿವರಿಸಿದರು. ಬಂಧುತ್ವವನ್ನು ಗುರುತಿಸುವುದು ಎರವಲು ತಂದ ಪದಗಳಿಂದಲ್ಲ. ಕೈಕಾಲು, ನೀರು, ತಾಯಿತಂದೆ, ಎಣಿಕೆ, ಇಂಥ ದಿನಬಳಕೆಯ ಪದಗಳಿಂದ, ಕ್ರಿಯಾಪದದ ಕೊನೆಯಿಂದ ಎಂದೂ ಹೇಳಿದರು. ಪರೀಕ್ಷೆಗೆ ಅದೇ ಪ್ರಶ್ನೆ ಬಂತು. ಚೆನ್ನಾಗಿ ಬರೆದೆ.

ರಜೆಗೆ ಬಂದಾಗ ಅವ್ವನಿಗೆ ಹೇಳಿದೆ: "ಅವ್ವಾ, ನಿನ್ನ ಮಾತಿನ ನೆಂಟರು ರಾಜಸ್ಥಾನದಾಗೆ ಅವ್ರೆ, ಗೊತ್ತಾ?"

ಅವಳು ಅಕ್ಕಿ ಆರಿಸುತ್ತಿದ್ದಳು. "ಹೌದೇನು? ಅವರಿಗೆ ನನ್ನ ಗುರುತು ಐತಂತಾ?" ಎಂದಳು. ಮೊರ ಕೊಡವಿ ಎದ್ದುಹೋದಳು.

ಕಾಲೇಜಿನಲ್ಲಿ ಅಧ್ಯಾಪಕಿಯ ಕೆಲಸ ಸಿಕ್ಕಿ ಚಿತ್ರದುರ್ಗದಲ್ಲಿ ಬಾಡಿಗೆ ಮನೆ ಮಾಡಿದೆವು. ಕೆಲವು ವರ್ಷದ ನಂತರ ನನಗೆ ಹಿರಿಯೂರಿನ ಕಾಲೇಜಿಗೆ ವರ್ಗವಾಯಿತು. ಅವ್ವ ಆ ಮನೆ ಬಿಡಲು ಒಪ್ಪಲಿಲ್ಲವಾದ್ದರಿಂದ ದಿನಾ ಹೈವೇ ಬಸ್ಸಿನಲ್ಲಿ ಹೋಗಿಬರತೊಡಗಿದೆ. ಮದುವೆ ಆಗಲಿಲ್ಲ, ಅದಕ್ಕೆ ಕಥೆಯೇನೂ ಇಲ್ಲ, ಆಗಲಿಲ್ಲ ಅಷ್ಟೇ. ಸಂಜೆ ನಾನು ಬಂದಾಗ ಅವ್ವ ಕಾಫಿ ಕೊಟ್ಟು, "ಬಸ್ಸಲ್ಲಿ ಸೀಟು ಸಿಕ್ತಾ?" ಎಂದು ಕೇಳುತ್ತಿದ್ದಳು. "ಸಿಕ್ತು" ಅನ್ನುತ್ತಿದ್ದೆ. ಅದಕ್ಕಿಂತ ಹೆಚ್ಚು ಮಾತಾಡಿದ ದಿನಗಳು ಕಡಿಮೆ. ಅವಳ ಕನ್ನಡ ಹಾಸ್ಟೆಲಿನ ಕನ್ನಡ. ಊಟ ಆಯ್ತಾ, ಬಟ್ಟೆ ಒಣಗ್ತಾ, ಬಾಗಿಲು ಹಾಕಿದ್ಯಾ, ಇಷ್ಟಕ್ಕೆ ಅದು ಧಾರಾಳವಾಗಿ ಸಾಕಾಗುತ್ತಿತ್ತು. ಮಿಕ್ಕದ್ದನ್ನು ಅವಳು ಯಾರಿಗೆ ಹೇಳಿಕೊಳ್ಳುತ್ತಿದ್ದಳು ಎಂದು ನಾನು ಕೇಳಲಿಲ್ಲ.

ಮೂರು ವರ್ಷದ ಹಿಂದೆ, ಒಂದು ಭಾನುವಾರ ಬೆಳಿಗ್ಗೆ, ಮೆಂತ್ಯೆ ಸೊಪ್ಪು ಬಿಡಿಸುತ್ತಾ ಕೂತಿದ್ದವಳು ಹಾಗೇ ಬಲಕ್ಕೆ ವಾಲಿಬಿಟ್ಟಳು. ಎದುರು ಮನೆಯವರು ಆಟೋ ಕರೆದು ತಂದರು. ಆಸ್ಪತ್ರೆಯಲ್ಲಿ ಮಿದುಳಿಗೆ ರಕ್ತ ಹೋಗುವುದು ನಿಂತಿದೆ ಎಂದರು. ಎರಡು ದಿನ ಮಾತಿರಲಿಲ್ಲ. ಮೂರನೆಯ ದಿನ ಬೆಳಿಗ್ಗೆ ನಾನು ಹಲ್ಲುಜ್ಜಿ ಬರುವಷ್ಟರಲ್ಲಿ ಅವಳು ಕಣ್ಣು ಬಿಟ್ಟು ಏನೋ ಹೇಳುತ್ತಿದ್ದಳು. ಸ್ಪಷ್ಟವಾಗಿ, ಉದ್ದುದ್ದ ವಾಕ್ಯಗಳಲ್ಲಿ. ನನಗೆ ಒಂದೂ ತಿಳಿಯಲಿಲ್ಲ.

ಡಾಕ್ಟರು ಬಂದರು. "ಇದು ಯಾವ ಭಾಷೆ? ನಿಮ್ಮ ಮನೆಮಾತು ಯಾವುದು?"

"ಕನ್ನಡ" ಎಂದೆ. ಬಾಯಿ ಅಭ್ಯಾಸದಿಂದ ಹಾಗೆ ಹೇಳಿತು. ಆಮೇಲೆ, "ಇದು ಲಂಬಾಣಿ" ಎಂದೆ.

"ಆಮೇಲೆ ಕಲಿತ ಭಾಷೆ ಹೋಗಿ ಮೊದಲಿನದು ಉಳಿಯೋದು ಕೆಲವರಲ್ಲಿ ಆಗುತ್ತೆ. ಕನ್ನಡ ತಿರುಗಿ ಬಂದರೂ ಬರಬಹುದು. ಎಲ್ಲಿ ನೋವು ಅಂತ ನೀವೇ ಕೇಳಿ ಹೇಳಿ."

ಲಂಬಾಣಿ ಯಾವ ಕುಟುಂಬದ್ದು, ಯಾವ ಶಾಖೆಯದು, ಅದರ ಹತ್ತಿರದ ಬಂಧುಗಳು ಯಾರು ಎಂದು ಕೇಳಿದ್ದರೆ ಅಲ್ಲೇ ಹೇಳುತ್ತಿದ್ದೆ. ಎಲ್ಲಿ ನೋವು ಎಂದು ಕೇಳಲು ನನ್ನಲ್ಲಿ ಪದವಿರಲಿಲ್ಲ. "ನನಗೆ ಬರಲ್ಲ ಡಾಕ್ಟ್ರೇ" ಎಂದೆ. ಅವರು ನನ್ನನ್ನು ಒಂದು ಕ್ಷಣ ನೋಡಿ, ಚೀಟಿಯಲ್ಲಿ ಏನೋ ಬರೆದು ಮುಂದಿನ ಮಂಚಕ್ಕೆ ಹೋದರು.

ಅವ್ವ ಎಡಗೈ ಎತ್ತಿ ನನ್ನ ಕಿವಿ ಮುಟ್ಟಿದಳು. ಏನೋ ಹೇಳಿ ಇನ್ನೊಮ್ಮೆ ಮುಟ್ಟಿದಳು. ನಾನು ಓಲೆ ಕೇಳುತ್ತಿದ್ದಾಳೆ ಅಂದುಕೊಂಡು ಕಳಚಿ ಅವಳ ಅಂಗೈಗೆ ಇಟ್ಟೆ. ಅವಳು ಅದನ್ನು ಹಾಸಿಗೆಯ ಮೇಲೆ ಹಾಕಿ, ಮುಖ ಆಚೆ ತಿರುಗಿಸಿ ಅಳತೊಡಗಿದಳು.

ಆ ವಾರ್ಡು ಗುಡಿಸುವ ಹೆಂಗಸೊಬ್ಬಳಿದ್ದಳು, ನಲವತ್ತರ ಮೇಲೆ ವಯಸ್ಸು. ಬಾಗಿಲಲ್ಲಿ ಪೊರಕೆ ಹಿಡಿದು ನಿಂತು ಕೇಳಿಸಿಕೊಳ್ಳುತ್ತಿದ್ದವಳು ಹತ್ತಿರ ಬಂದು ಅವ್ವನೊಂದಿಗೆ ಮಾತಾಡಿದಳು. ಅವ್ವನ ಮುಖ ಬಿಚ್ಚಿಕೊಂಡಿತು. ಇಬ್ಬರೂ ಗಳಗಳನೆ ಮಾತಾಡಿದರು. ಹೊಳಲ್ಕೆರೆ ತಾಲ್ಲೂಕಿನ ತಾಂಡಾದವಳಂತೆ ಅವಳು.

"ಏನಂತಾರೆ?" ಎಂದು ಕೇಳಿದೆ.

ಅವಳು ಪೊರಕೆಯನ್ನು ಗೋಡೆಗೆ ಒರಗಿಸಿದಳು. "ನೀವು ಮಗಳೇನ್ರಿ?"

"ಹೌದು."

"ನನ್ನ ಮಗಳಿಗೆ ಕಿವಿ ಹೋಗೈತೆ ಅಂತಾರೆ ಕಣ್ರಿ. ಬೆಳಿಗ್ಗೆಯಿಂದ ಎಷ್ಟು ಕೂಗಿದ್ರೂ ಕೇಳಿಸ್ತಿಲ್ಲ, ಪಾಠ ಹೇಳೋ ಹುಡುಗಿ, ಕಿವಿ ಇಲ್ದಿದ್ರೆ ಹೆಂಗೆ? ಮೊದ್ಲು ಅವಳನ್ನ ಡಾಕ್ಟ್ರಿಗೆ ತೋರ್ಸ್ರಿ, ನಂದು ಆಮ್ಯಾಕೆ ನೋಡಾಣ ಅಂತಾರೆ."

ತಾನು ಎಂದಿನಂತೆ ಕನ್ನಡದಲ್ಲೇ ಮಾತಾಡುತ್ತಿದ್ದೇನೆ ಎಂದು ಅವ್ವ ತಿಳಿದಿದ್ದಳು. ನಾನು ವರಾಂಡಕ್ಕೆ ಹೋಗಿ ನಿಂತೆ. ಅಲ್ಲಿಂದ ಕೋಟೆಯ ಬಂಡೆಗಳ ಮೇಲೆ ಬಿಸಿಲು ಏರುತ್ತಿರುವುದು ಕಾಣುತ್ತಿತ್ತು. ಅಳು ಬರಲಿಲ್ಲ. ಆಸ್ಪತ್ರೆಯ ತುಂಬ ಜನರಿದ್ದರು, ಎಲ್ಲರೂ ತಮ್ಮ ತಮ್ಮವರೊಂದಿಗೆ ಏನಾದರೊಂದು ಮಾತಾಡುತ್ತಿದ್ದರು.

ಹತ್ತು ದಿನಕ್ಕೆ ಮನೆಗೆ ಕರೆತಂದೆ. ಕನ್ನಡ ತಿರುಗಿ ಬರಲಿಲ್ಲ. ನಾನು ಹೇಳಿದ್ದು ಅವಳಿಗೆ ಅಷ್ಟಿಷ್ಟು ತಿಳಿಯುತ್ತಿತ್ತು, ಅವಳು ಹೇಳಿದ್ದು ನನಗಿಲ್ಲ. ಕಾಲೇಜಿಗೆ ರಜೆ ಹಾಕಿದೆ. ವಾರ್ಡಿನ ಹೆಂಗಸನ್ನು ಪ್ರತಿ ಭಾನುವಾರ ಮಧ್ಯಾಹ್ನ ಮನೆಗೆ ಕರೆದೆ. ಅವಳು ಕುರ್ಚಿಯಲ್ಲಿ ಕೂರಲು ಒಪ್ಪದೆ ಗೋಡೆಗೆ ಒರಗಿ ಕೂತು, ಎಲೆಯಡಿಕೆ ಜಗಿಯುತ್ತಾ ನನಗೆ ಲಂಬಾಣಿ ಹೇಳಿಕೊಟ್ಟಳು. ನಲವತ್ತಾರರ ವಯಸ್ಸಿನಲ್ಲಿ ನನ್ನ ತಾಯಿನುಡಿಯನ್ನು ನೋಟ್ ಬುಕ್ಕಿನಲ್ಲಿ ಬರೆದುಕೊಂಡೆ. ನೀರಿಗೆ ಪಾಣಿ. ಇಂಥ ಪದಗಳನ್ನೆಲ್ಲ ಪರೀಕ್ಷೆಗೆ ಓದಿದ್ದೆನಲ್ಲ. ಗಂಜಿ ಬೇಕಾ, ಮಗ್ಗುಲು ತಿರುಗಿಸಲಾ, ಚಳಿಯಾಗುತ್ತಾ, ಇವು ಯಾವ ಪುಸ್ತಕದಲ್ಲೂ ಇರಲಿಲ್ಲ.

ಒಂದು ಬೆಳಿಗ್ಗೆ ಹಾಲು ತಂದು, 'ನಾನು ಬಂದೆ' ಎಂದು ಅವಳ ಮಾತಿನಲ್ಲಿ ಹೇಳಿದೆ. ಅವ್ವ ನನ್ನನ್ನೇ ನೋಡಿದಳು. ಆಮೇಲೆ ಅರ್ಧ ಮುಖದಲ್ಲಿ ನಗತೊಡಗಿದಳು, ನಕ್ಕು ನಕ್ಕು ಕೆಮ್ಮು ಬಂತು. ಭಾನುವಾರ ಕೇಳಿದಾಗ ಗೊತ್ತಾಯಿತು: ಕನ್ನಡದಲ್ಲಿ 'ಬಂದೆ' ಎಂದರೆ ಹೆಣ್ಣೂ ಆಗಬಹುದು, ಗಂಡೂ ಆಗಬಹುದು. ಅವ್ವನ ಮಾತಿನಲ್ಲಿ ಹಾಗಲ್ಲ. ಹೇಳುವವರು ಗಂಡಸಾದರೆ ಪದದ ಕೊನೆ ಒಂದು, ಹೆಂಗಸಾದರೆ ಇನ್ನೊಂದು. ನಾನು ಗಂಡಸಿನ ಹಾಗೆ ಹೇಳಿದ್ದೆ. "ನಮ್ಮನೆ ಯಜಮಾನ್ರು ಬಂದಂಗಾತು ಅಂತ ನಗ್ತಾ ಅವ್ರೆ ಕಣ್ರಿ" ಎಂದು ಆ ಹೆಂಗಸೂ ನಕ್ಕಳು. ಎರಡು ಭಾಷಾಕುಟುಂಬಗಳ ನಡುವೆ ಇರುವ ಈ ವ್ಯತ್ಯಾಸವನ್ನು ನಾನು ಎಷ್ಟೋ ವರ್ಷದಿಂದ ಪಾಠ ಮಾಡಿದ್ದೆ.

ಆಮೇಲಿನ ಏಳು ತಿಂಗಳು ನಾವಿಬ್ಬರೂ ಹತ್ತಿಪ್ಪತ್ತು ವಾಕ್ಯಗಳಲ್ಲಿ ಬದುಕಿದೆವು. ಅವ್ವ ನನ್ನನ್ನು ಚಿಕ್ಕ ಮಗುವಿಗೆ ಕಲಿಸುವಂತೆ ತಿದ್ದುತ್ತಿದ್ದಳು. ಕೆಲವೊಮ್ಮೆ ಉದ್ದಕ್ಕೆ ಏನೋ ಹೇಳಲು ಶುರುಮಾಡಿ, ನನ್ನ ಮುಖ ನೋಡಿ, ಅರ್ಧಕ್ಕೆ ಬಿಡುತ್ತಿದ್ದಳು. ಹಾಗೆ ಬಿಟ್ಟ ಮಾತುಗಳು ಏನಿದ್ದವೋ. ಮೊಬೈಲಿನಲ್ಲಿ ರೆಕಾರ್ಡ್ ಮಾಡಿಕೊಳ್ಳೋಣವೆಂದು ಒಂದೆರಡು ಸಲ ಮುಂದೆ ಹಿಡಿದೆ. ಅದನ್ನು ಕಂಡರೆ ಬಾಯಿ ಮುಚ್ಚಿಕೊಳ್ಳುತ್ತಿದ್ದಳು. ಒಂದು ಮುಂಜಾನೆ ಹಾಲು ಕಾಯಿಸಿ ತರುವಷ್ಟರಲ್ಲಿ ಹೋಗಿಬಿಟ್ಟಿದ್ದಳು.

ಮಣ್ಣಿಗೆ ತಾಂಡಾಕ್ಕೇ ಒಯ್ದೆ. ಹೆಂಗಸರು ಅವ್ವನ ಸುತ್ತ ಕೂತು, ಒಬ್ಬರ ಹೆಗಲಿಗೆ ಒಬ್ಬರು ಒರಗಿ, ಮಾತು ಕಟ್ಟಿ ರಾಗವಾಗಿ ಅತ್ತರು. ಚಿಕ್ಕವ್ವ ನನ್ನ ಕೊರಳು ಹಿಡಿದುಕೊಂಡು ಅಳುವಾಗ ನನಗೂ ಅಳಬೇಕಿತ್ತು. ಅವರೆಲ್ಲ ಅಳುತ್ತಲೇ ಅವ್ವನಿಗೆ ಏನೇನೋ ಹೇಳುತ್ತಿದ್ದರು, ಬೈಯುತ್ತಿದ್ದರು, ಕೇಳುತ್ತಿದ್ದರು. ನನ್ನ ಬಳಿ ಇದ್ದದ್ದು ಗಂಜಿ ಬೇಕಾ, ಚಳಿಯಾಗುತ್ತಾ ಎಂಬ ವಾಕ್ಯಗಳು. ಅವುಗಳಲ್ಲಿ ಅಳುವುದು ಹೇಗೆ? ಅವ್ವನ ಹೊದಿಕೆಯ ಅಂಚು ಸರಿಮಾಡುತ್ತಾ ಕೂತೆ. ಓದಿದ ಹುಡುಗಿ, ಕಲ್ಲಿನಂಥವಳು ಎಂದು ಯಾರೋ ಕನ್ನಡದಲ್ಲಿ ಅಂದರು, ನನಗೆ ತಿಳಿಯಲಿ ಎಂದೇ ಇರಬೇಕು.

ವಾರ್ಡಿನ ಹೆಂಗಸು ಒಂದಷ್ಟು ಭಾನುವಾರ ಬಂದಳು. ಆಮೇಲೆ ಒಂದು ದಿನ, "ನಿಮ್ಮ ಮಾತು ಪುಸ್ತಕ ಓದ್ದಂಗೈತೆ ಕಣ್ರಿ, ಬ್ಯಾಸರ ಮಾಡ್ಕಬ್ಯಾಡ್ರಿ" ಎಂದು ನಕ್ಕಳು. ಅವಳ ಇಬ್ಬರು ಹೆಣ್ಣುಮಕ್ಕಳೊಂದಿಗೆ ಮನೆಯಲ್ಲಿ ಯಾವ ಮಾತು ಎಂದು ಕೇಳಿದೆ. "ಕನ್ನಡಾನೇ ರೀ. ಸ್ಕೂಲಲ್ಲಿ ಉಳಿದವ್ರು ಆಡ್ಕಂತಾರೆ, ಯಾಕೆ ಬೇಕು" ಎಂದಳು. ಬೇಡ, ಅವರೊಂದಿಗೆ ನಿಮ್ಮ ಮಾತೇ ಆಡಿ ಎಂದು ಹೇಳಬೇಕೆಂದು ಬಾಯಿ ತೆರೆದೆ. ಹಾಸ್ಟೆಲಿನ ಆ ನಗು ಕೇಳಿಸಿಕೊಂಡು ಬೆಳೆದವಳು ನಾನು. ಕಾಫಿ ತರಲು ಒಳಗೆ ಹೋದೆ. ಬೇಸಿಗೆ ಬರುವ ಹೊತ್ತಿಗೆ ಅವಳು ದಾವಣಗೆರೆಯಲ್ಲಿ ಕೆಲಸ ಸಿಕ್ಕಿ ಹೊರಟುಹೋದಳು.

ಈಗ ಮನೆಯಲ್ಲಿ ನಾನೊಬ್ಬಳೇ. ಸಂಜೆ ಬಸ್ಸಿಳಿದು ಬಂದು ಬೀಗ ತೆಗೆದು ನಾನೇ ಕಾಫಿ ಮಾಡಿಕೊಳ್ಳುತ್ತೇನೆ. ಕೆಲವು ದಿನ ಕಾಲೇಜು ಬಿಟ್ಟ ಮೇಲೆ ಮರುದಿನ ಕಾಲೇಜಿಗೆ ಹೋಗುವವರೆಗೂ ಯಾವ ಭಾಷೆಯಲ್ಲೂ ಬಾಯಿ ತೆರೆದಿರುವುದಿಲ್ಲ.

ತಿಂಗಳಿಗೊಂದು ಭಾನುವಾರ ಹೊಸದುರ್ಗದ ಬಸ್ಸು ಹತ್ತಿ ಚಿಕ್ಕವ್ವನ ಮನೆಗೆ ಹೋಗುತ್ತೇನೆ. ಅವಳಿಗೆ ಕನ್ನಡ ಚೆನ್ನಾಗಿ ಬರುತ್ತದೆ, ಆದರೂ ನನ್ನೊಂದಿಗೆ ಆಡುವುದಿಲ್ಲ. ಹಟವೋ ಪ್ರೀತಿಯೋ ಗೊತ್ತಿಲ್ಲ. ರೊಟ್ಟಿ ಬಡಿಯುತ್ತಾ ಅವ್ವನ ವಿಷಯ ಹೇಳುತ್ತಾಳೆ. ಹೋದ ಸಲ ಹೇಳಿದಳು, ಹುಡುಗಿಯಾಗಿದ್ದಾಗ ಅವ್ವ ಇಡೀ ತಾಂಡಾ ನಗುವಂತೆ ಕಥೆ ಹೇಳುತ್ತಿದ್ದಳಂತೆ. ಅಷ್ಟು ತಿಳಿಯಿತು, ಅವಳು ಆ ಕಥೆಯನ್ನೇ ಹೇಳತೊಡಗಿದಾಗ ನನಗೆ ದಾರಿ ತಪ್ಪಿತು. ಚಿಕ್ಕವ್ವ ಹೇಳುತ್ತಾ ಹೇಳುತ್ತಾ ತಾನೇ ನಗತೊಡಗಿದಳು, ಹಿಟ್ಟಿನ ಕೈಯಲ್ಲೇ ಕಣ್ಣೊರೆಸಿಕೊಂಡಳು. ನಾನೂ ನಕ್ಕೆ. ಅವಳು ಹಂಚಿನ ಮೇಲಿನ ರೊಟ್ಟಿ ತೆಗೆದು ನನ್ನ ತಟ್ಟೆಗೆ ಹಾಕಿ, ಇನ್ನೊಂದು ಕಥೆ ಶುರುಮಾಡಿದಳು.