ಕಲ್ಲಿಗೊಂದು ತವರಿನ ಹೆಸರು

ಭೂವಿಜ್ಞಾನ ಕಲಿಸಿ ನಿವೃತ್ತಳಾದ ಹೆಂಗಸಿನಿಂದ ಬಂಧುಬಳಗಕ್ಕೆ ಏನು ಉಪಯೋಗ? ವಿಜಯಪುರದ ಕಾಲೇಜೊಂದರಲ್ಲಿ ಕೂದಲು ಬೆಳ್ಳಗಾಗುವವರೆಗೆ ಕಲ್ಲುಗಳ ಬಗ್ಗೆ ಹೇಳಿದವಳು ನಾನು. ನಮ್ಮವರು ನನ್ನನ್ನು ಕೇಳಿದ್ದು ಎರಡೇ ಪ್ರಶ್ನೆ. ಬೋರಿಗೆ ನೀರು ಎಲ್ಲಿ ಬೀಳುತ್ತದೆ, ಮತ್ತು ಅಡುಗೆಮನೆಯ ಕಟ್ಟೆಗೆ ಯಾವ ಗ್ರಾನೈಟ್ ಹಾಕಿಸಿದರೆ ಅರಿಶಿನದ ಕಲೆ ಹಿಡಿಯುವುದಿಲ್ಲ. ಮೊದಲನೆಯದಕ್ಕೆ ಅಂಗೈಯಲ್ಲಿ ತೆಂಗಿನಕಾಯಿ ಇಟ್ಟುಕೊಂಡು ಹೊಲ ಸುತ್ತುವವನ ಮಾತೇ ಕೊನೆ, ಎರಡನೆಯದಕ್ಕೆ ಅಂಗಡಿಯವನದು. ನನ್ನ ಉತ್ತರಗಳನ್ನು ಅವರು ಗೌರವದಿಂದ ಕೇಳಿ, ಅಷ್ಟೇ ಗೌರವದಿಂದ ಮರೆಯುತ್ತಿದ್ದರು. ಹಾಗಾಗಿ ಇಬ್ರಾಹಿಂಪುರದ ಮನೆಯಲ್ಲಿ ರೈಲಿನ ಸದ್ದು ಕೇಳುತ್ತ ನೆಮ್ಮದಿಯಿಂದಿದ್ದೆ.

ಆ ನೆಮ್ಮದಿ ಕೆಡಿಸಿದವನು ತಿಕೋಟಾದಲ್ಲಿ ದ್ರಾಕ್ಷಿ ಪಡ, ಅಂದರೆ ತೋಟ, ಇಟ್ಟುಕೊಂಡಿರುವ ನನ್ನ ತಮ್ಮ. ಒಂದು ದಿನ ಮುಂಜಾನೆ ಫೋನ್ ಮಾಡಿದ.

"ಅಕ್ಕಾ, ಲಗೂನ ಹೊಂಡು. ನಮ್ಮ ಹೊಲದಾಗ ಯುರೇನಿಯಂ ಸಿಕ್ಕೈತಿ."

"ಯಾರ್ ಹೇಳಿದ್ರು?"

"ಫೋನಿನ್ಯಾಗ ನೋಡೇನಿ ತಗೋ. ಹಸರಂದ್ರ ಹಸರ ಹೊಳಿತೈತಿ."

ಫೋನು ಹೇಳಿದ ಮೇಲೆ ಅಕ್ಕ ಯಾತಕ್ಕೆ ಬೇಕು ಎಂದು ಕೇಳಬೇಕೆನಿಸಿತು. ಕೇಳಲಿಲ್ಲ, ಬಸ್ಸು ಹತ್ತಿದೆ.

ನಡೆದದ್ದು ಇಷ್ಟು. ಕೃಷಿಹೊಂಡಕ್ಕೆ ಜೆಸಿಬಿ ಹಚ್ಚಿದಾಗ ಕರಿಕಲ್ಲಿನ ಒಂದು ತುಣುಕು ಮೇಲೆ ಬಂತು. ಅದರ ಒಂದು ಮಗ್ಗುಲಿಗೆ ಗಾಜು ಕರಗಿಸಿ ಸುರಿದ ಹಾಗೆ ಗುಳ್ಳೆಗುಳ್ಳೆಯ ಲೇಪ. ತಮ್ಮನ ಮಗಳು ಚೆಂದ ಕಂಡಿತೆಂದು ಅದನ್ನು ತನ್ನ ಬ್ಯೂಟಿ ಪಾರ್ಲರಿಗೆ ಒಯ್ದು, ಉಗುರಿನ ಬಣ್ಣ ಒಣಗಿಸುವ ನೇರಳೆ ದೀಪದ ಪಕ್ಕದಲ್ಲಿಟ್ಟಳು. ದೀಪ ಹಚ್ಚಿದ ಕೂಡಲೇ ಕಲ್ಲು ಗಿಳಿಹಸಿರಾಗಿ ಉರಿಯತೊಡಗಿತು. ಉಗುರು ಚಾಚಿ ಕುಳಿತಿದ್ದ ಗಿರಾಕಿ ಕೈ ಕಿತ್ತುಕೊಂಡು ಓಡಿಹೋದಳಂತೆ. ಸುದ್ದಿ ಪಡಕ್ಕೆ ಮುಟ್ಟುವಷ್ಟರಲ್ಲಿ ತಮ್ಮ ಅರ್ಧ ವಿಜ್ಞಾನಿಯಾಗಿದ್ದ.

ನಾನು ಹೋದದ್ದು ನೇರ ಪಾರ್ಲರಿಗೆ. ಬಸ್ ಸ್ಟ್ಯಾಂಡಿನಲ್ಲಿ ಇಳಿದರೆ ಮೊದಲು ಕಾಣುವುದೇ ಅದರ ಬೋರ್ಡು. ಗುಲಾಬಿ ಬಣ್ಣದ ಹಿನ್ನೆಲೆ, ಅದರ ಮೇಲೆ ದೊಡ್ಡಕ್ಷರದಲ್ಲಿ ಅವಳ ಹೆಸರು. ಆ ಹೆಸರಿಟ್ಟವಳು ನಾನೇ. ತೊಟ್ಟಿಲಲ್ಲಿದ್ದ ಅವಳ ಕಿವಿಗೆ ಬಾಯಿಟ್ಟು ಕುರ್ರ್ ಎಂದು ಮೊದಲ ಸಲ ಹೆಸರು ಹೇಳುವುದು ಸೋದರತ್ತೆಯ ಹಕ್ಕು. ಹೇಳಿದ ಕೂಡಲೇ ಸುತ್ತ ನಿಂತ ಹೆಂಗಸರೆಲ್ಲ ಅತ್ತೆಯ ಬೆನ್ನಿಗೆ ಗುದ್ದುವುದು ಅವರ ಹಕ್ಕು. ನನ್ನ ಬೆನ್ನಿಗೆ ಅಂದು ಬಿದ್ದದ್ದು ನೆನೆದರೆ ಆ ಹೆಸರು ನನಗೆ ಪುಕ್ಕಟೆ ಸಿಕ್ಕಿದ್ದಲ್ಲ.

ಕಲ್ಲು ಕೈಗೆ ತೆಗೆದುಕೊಂಡೆ. ಚಾಕುವಿನಿಂದ ಗೀರಿದೆ, ಸುಲಭಕ್ಕೆ ಗೀರು ಬೀಳಲಿಲ್ಲ. ಹರಳಿನ ಆಕಾರವಿಲ್ಲ, ಸೂಜಿಯಿಲ್ಲ, ಪದರವಿಲ್ಲ. ಓಪಲ್ ಎಂದು ಗೊತ್ತಾಯಿತು, ಸಿಲಿಕಾ ಮತ್ತು ನೀರು ಸೇರಿ ಆಗುವ ಗಾಜಿನಂಥ ಕಲ್ಲು. ಎಲ್ಲೋ ಕಣ್ಣಿಗೆ ಕಾಣದಷ್ಟು ಯುರೇನಿಯಂ ಸೇರಿಕೊಂಡರೆ ಓಪಲ್ ಹೀಗೆ ಕುಣಿಯುತ್ತದೆ.

"ಹಂಗಂದ್ರ ಇದು ಯುರೇನಿಯಂ ಕಲ್ಲ ಅಲ್ಲೇನ ಅತ್ತಿ?" ಎಂದಳು ಹುಡುಗಿ. ನನ್ನನ್ನು ಕುರ್ಚಿಯಲ್ಲಿ ಕೂರಿಸಿ, ಕೇಳದೆಯೇ ಹುಬ್ಬಿಗೆ ದಾರ ಹಚ್ಚಿದ್ದಳು.

ನಿಜವಾದ ಒಂದು ಯುರೇನಿಯಂ ಖನಿಜ ಹೇಗಿರುತ್ತದೆ ಎಂದು ಹೇಳಿದೆ. ವಿದ್ಯಾರ್ಥಿನಿಯಾಗಿದ್ದಾಗ ಒಂದು ಸಂಗ್ರಹಾಲಯದಲ್ಲಿ ದಪ್ಪ ಗಾಜಿನಾಚೆ ನೋಡಿದ್ದೆ. ಬಲು ಅಪರೂಪದ್ದು, ಮೊದಲು ಆಫ್ರಿಕಾದಲ್ಲಿ ಸಿಕ್ಕಿದ್ದು. ನಿಂಬೆಹಣ್ಣಿನ ಹಳದಿ, ಕೂದಲಿನಷ್ಟು ಸಣ್ಣ ಸೂಜಿಗಳು ಒಂದು ಬಿಂದುವಿನಿಂದ ಸುತ್ತ ಹರಡಿಕೊಂಡಿದ್ದವು. ಮುಟ್ಟಿದರೆ ಮುರಿಯುವಷ್ಟು ಮೆತ್ತಗೆ. ಒಳಗೆ ಇಟ್ಟುಕೊಂಡಿರುವುದು ಯುರೇನಿಯಂ, ಮೆಗ್ನೀಸಿಯಂ, ಸಿಲಿಕಾ, ಒಂದಿಷ್ಟು ನೀರು. ವಿಕಿರಣ ವಿಪರೀತ. ಆದರೆ ಈ ದೀಪದಡಿ ಇಟ್ಟರೆ ಅದು ಹೊಳೆಯುವುದೂ ಇಲ್ಲ, ಹೊಳೆದರೂ ಮಂಕು. ಹೀಗೆ ಹೊಳೆಯುವವು ಹೆಚ್ಚಾಗಿ ನಮ್ಮ ತಿಕೋಟಾದ ಕಲ್ಲಿನಂಥವು, ಒಳಗೆ ಚಿಟಿಕೆಯೂ ಇರುವುದಿಲ್ಲ. ಈ ನಿಯಮ ಕಲ್ಲಿಗಷ್ಟೇ ಅಲ್ಲ, ಗಾಂಧಿ ಚೌಕದಲ್ಲಿ ಸಂಜೆ ಹೊತ್ತು ನಿಂತು ನೋಡಿದರೆ ಮನುಷ್ಯರಿಗೂ ಅನ್ವಯಿಸುತ್ತದೆ.

"ಅದರ ಹೆಸರೇನ?"

ಹೆಸರು ಹೇಳಿದೆ. ಇಲ್ಲಿ ಬರೆಯುವುದಿಲ್ಲ, ಓದುವವರ ಹಲ್ಲಿನ ಸೆಟ್ಟು ಸಡಿಲಾದರೆ ನಾನು ಹೊಣೆಯಲ್ಲ. ಅದು ಒಬ್ಬ ದೊಡ್ಡ ವಿಜ್ಞಾನಿ ಹೆಣ್ಣುಮಗಳ ಹೆಸರು. ಅವಳ ಗಂಡನ ಹೆಸರಿನಲ್ಲಿ ಬೇರೆಯೇ ಒಂದು ಯುರೇನಿಯಂ ಖನಿಜ ಇದೆ. ಇದಕ್ಕೆ ಇಟ್ಟದ್ದು ಅವಳ ತವರುಮನೆಯ ಹೆಸರು, ಮದುವೆಗೆ ಮುಂಚಿನದು.

ದಾರ ನಿಂತಿತು. ಕನ್ನಡಿಯಲ್ಲಿ ನೋಡಿದರೆ ಹುಡುಗಿಯ ಕಣ್ಣು ತುಂಬಿತ್ತು.

ಅವಳ ಮದುವೆ ಬಬಲೇಶ್ವರದ ಒಣದ್ರಾಕ್ಷಿ ವ್ಯಾಪಾರಿಯ ಮನೆಗೆ ಗೊತ್ತಾಗಿತ್ತು. ಹುಡುಗ ಒಳ್ಳೆಯವನು, ಇವಳೇ ಮೆಚ್ಚಿದವನು. ಆದರೆ ಆ ಮನೆಯಲ್ಲಿ ಸೊಸೆಯ ಹೆಸರು ಬದಲಾಯಿಸುವ ಪದ್ಧತಿ. ಮದುವೆಯ ದಿನ ತಟ್ಟೆಯಲ್ಲಿ ಅಕ್ಕಿ ಹರಡಿ, ಗಂಡ ಉಂಗುರದಿಂದ ಹೊಸ ಹೆಸರು ಬರೆಯುತ್ತಾನೆ. ಅಲ್ಲಿಗೆ ಹಳೆಯದು ಮುಗಿಯಿತು. ಹೊಸದು ಯಾವುದೆಂದು ಬೀಗರ ಮನೆಯಲ್ಲಿ ಆಗಲೇ ತೀರ್ಮಾನವಾಗಿತ್ತು.

"ಈ ಬೋರ್ಡ್ ನಾನ ಬರಿಸೇನಿ ಅತ್ತಿ. ಅಪ್ಪನ್ನ ಕೇಳಿಲ್ಲ, ಯಾರನ್ನೂ ಕೇಳಿಲ್ಲ. ಬಬಲೇಶ್ವರದಾಗ ಪಾರ್ಲರ್ ತಗದ್ರ ಇದನ್ನ ಒಯ್ಯಾಕಿ ನಾನು. ನೀ ಇಟ್ಟ ಹೆಸರೈತಿ. ನೀನ ಮಾತಾಡು."

ಮಾತಾಡುತ್ತೇನೆ ಎಂದೆ. ಅರ್ಧ ಹುಬ್ಬು ಹಾಗೇ ಉಳಿದಿತ್ತು.

ಮುಂದಿನ ಭಾನುವಾರ ತಮ್ಮನ ಮನೆಯಲ್ಲಿ ಸಭೆ, ಬಬಲೇಶ್ವರದ ಬೀಗರೂ ಬಂದಿದ್ದರು. ವಿಷಯ ಹುಡುಗಿಯದಲ್ಲ, ಕಲ್ಲಿನದು. ಕಲ್ಲನ್ನು ಜರಿ ಟೋಪಿಯ ಮೇಲೆ ಕೂರಿಸಿ, ಟೋಪಿಯನ್ನು ಟೀಪಾಯಿಯ ಮೇಲೆ ಇಟ್ಟಿದ್ದರು. ಇದು ಓಪಲ್, ಇದಕ್ಕೆ ಆಗಲೇ ಹೆಸರಿದೆ ಎಂದು ನಾನು ಬಾಗಿಲಲ್ಲೇ ಹೇಳಿದೆ. "ಲ್ಯಾಬಿನವರ ಹೇಳ್ಲಿ" ಎಂದ ತಮ್ಮ. ಲ್ಯಾಬಿಗೆ ಚೂರು ಕಳಿಸಿದ್ದವಳೂ ನಾನೇ. ಅಲ್ಲಿಯವರೆಗೆ ಹೆಸರು ತಯಾರಿರಬೇಕಂತೆ, ತಡಮಾಡಿದರೆ ಬೇರೆ ಯಾರಾದರೂ ಇಟ್ಟುಬಿಡುತ್ತಾರಂತೆ.

ತಮ್ಮನಿಗೆ ನಮ್ಮ ಅಜ್ಜನ ಹೆಸರು ಬೇಕು. ಅಜ್ಜ ಬದುಕಿರುವವರೆಗೆ ಆ ಹೊಲದ ಕಲ್ಲುಗಳನ್ನು ಬೈದದ್ದು ಬಿಟ್ಟು ಬೇರೇನೂ ಮಾಡಿರಲಿಲ್ಲ. ಬೀಗರಿಗೆ ಬಬಲೇಶ್ವರದ ಹೆಸರೂ ಸೇರಬೇಕು, ಸಂಬಂಧ ಕೂಡಿದ ಮೇಲೆ ಕಲ್ಲು ಇಬ್ಬರದೂ ಅಲ್ಲವೇ? ತಮ್ಮನ ಷಡ್ಡಕನಿಗೆ ಶಾಸಕರ ಹೆಸರಿಡುವುದು ಲೇಸೆನಿಸಿತು, ರಸ್ತೆಯಾದರೂ ಆದೀತು. ಮಾತಿಗೆ ಮಾತು ಬೆಳೆದು ಅವಲಕ್ಕಿ ಆರಿತು. ಗೋಳಗುಮ್ಮಟದಲ್ಲಿ ಒಬ್ಬರು ಕೂಗಿದ್ದು ಮತ್ತೆ ಮತ್ತೆ ಕೇಳಿಸುತ್ತದೆ, ಇಲ್ಲಿ ಆರು ಜನ ಕೂಗಿದರೂ ಯಾರಿಗೂ ಕೇಳಿಸುತ್ತಿರಲಿಲ್ಲ.

ಕೊನೆಗೆ ಬೀಗರು ನನ್ನತ್ತ ತಿರುಗಿದರು. "ನೀವ ಹೇಳ್ರಿ ಅಕ್ಕಾರ. ಹೆಸರಿಡೂ ರೂಲ್ ಏನೈತಿ?"

ನನ್ನ ಜೀವಮಾನದಲ್ಲಿ ಸಂಬಂಧಿಕರು ಕೇಳಿದ ಮೂರನೇ ಪ್ರಶ್ನೆ. ಬಿಡುತ್ತೇನೆಯೇ?

"ಜಗತ್ತಿನ ಖನಿಜತಜ್ಞರೆಲ್ಲಾ ಕೂಡಿ ಮಾಡ್ಯಾರ್ರಿ. ಕಂಡುಹಿಡದಾಂವ ತನ್ನ ಹೆಸರ ತಾನ ಇಡೂ ಹಂಗಿಲ್ಲ. ಬದುಕಿದ್ದವರ ಹೆಸರಿಡಬೇಕಂದ್ರ ಅವರನ್ನ ಕೇಳಿ ಒಪ್ಪಿಗಿ ತಗೋಬೇಕು. ಮತ್ತ ಒಮ್ಮೆ ಇಟ್ಟ ಹೆಸರು ಸುಮ್ಮಸುಮ್ಮನ ಬದಲ ಮಾಡಾಕ ಬರೂದಿಲ್ಲ. ಯಾಕ ಬ್ಯಾಡಾತು ಅಂತ ಕಾರಣಾ ಕೊಡಬೇಕು."

"ಕಲ್ಲಿಗೆ ಇಷ್ಟ ಕಾಯ್ದೆ ಏನ್ರಿ!" ಬೀಗರಿಗೆ ಹೆಮ್ಮೆಯೇ ಆಯಿತು.

"ಹೌಂದ್ರಿ, ಕಲ್ಲಿಗೈತಿ," ಎಂದೆ. "ನಿಮ್ಮ ಸೊಸಿಗಿಲ್ಲ."

ಅವರಿಗೆ ಅರ್ಥವಾಗಲಿಲ್ಲ ಅಥವಾ ಆಗಬಾರದೆಂದು ನಿರ್ಧರಿಸಿದರು. ಅಷ್ಟರಲ್ಲಿ ಚಹಾ ತಂದ ಹುಡುಗಿ ತಟ್ಟೆಯನ್ನು ಕಲ್ಲಿನ ಪಕ್ಕದಲ್ಲಿಟ್ಟು ನೆಟ್ಟಗೆ ನಿಂತಳು. "ಇದಕ್ಕ ಹೆಸರ ಹುಡಕಾಕ ಇಷ್ಟ ಮಂದಿ ಕೂಡೀರಿ. ನನಗ ಹೆಸರ ಐತ್ರಿ ಮಾವಾರ. ಅದ ಇರ್ಲಿ."

"ಏ, ಸುಮ್ನಿರ್ ಬೇ," ಎಂದು ತಮ್ಮ ಗದರಿದ. ಮಗಳ ಹೆಸರಿಗಿಂತ ಬೀಗರ ಮೋರೆ ಅವನಿಗೆ ದೊಡ್ಡದು. ನನಗೆ ಮೈ ಉರಿಯಿತು.

ಬೀಗತಿ ಅಲ್ಲಿಯವರೆಗೆ ಮೂಲೆಯಲ್ಲಿ ಕುಳಿತು ಸೆರಗಿನ ಅಂಚು ಸರಿಮಾಡುತ್ತಿದ್ದರು. ಈಗ ಮೆಲ್ಲಗೆ ಹೇಳಿದರು: "ನಮ್ಮ ಮನಿ ಪದ್ಧತಿ ಐತವ್ವಾ. ನನ್ನ ಹೆಸರೂ ಬದಲ ಮಾಡಿದ್ರು. ನಾ ಏನ್ ಸತ್ತನೇನ?"

"ಏನಿತ್ರಿ ನಿಮ್ಮ ತವರಿನ ಹೆಸರು?" ಎಂದು ಕೇಳಿದೆ. ಚುಚ್ಚಲೆಂದೇ ಕೇಳಿದ್ದು, ಸುಳ್ಳು ಯಾಕೆ ಹೇಳಲಿ.

ಬೀಗತಿ ಮತ್ತೆ ಸೆರಗಿನ ಅಂಚಿಗೆ ಕೈಹಾಕಿದರು. "ಈಗ್ಯಾಕ ಬಿಡ್ರಿ ಅದು."

"ಏನೋ ಇತ್ತಪಾ..." ಎಂದು ಬೀಗರು ತಲೆ ಕೆರೆದುಕೊಂಡರು. ಅಜ್ಜನ ಎಮ್ಮೆಗಳ ಹೆಸರನ್ನೂ ಒಂದೊಂದಾಗಿ ಹೇಳಬಲ್ಲ ಮನುಷ್ಯ. ಅವರ ಮಗ, ಮದುವೆಯಾಗಬೇಕಾದ ಹುಡುಗ, ತಂದೆಯನ್ನು ನೋಡಿದ, ಆಮೇಲೆ ತಾಯಿಯನ್ನು ನೋಡಿದ. ತಾಯಿಗೆ ಇನ್ನೊಂದು ಹೆಸರಿತ್ತೆಂಬುದೇ ಅವನಿಗೆ ಆವತ್ತು ಗೊತ್ತಾದದ್ದು. ಚಹಾ ಮುಗಿದದ್ದೇ ಬೀಗತಿ ಖಾಲಿ ಕಪ್ಪುಗಳನ್ನು ಎತ್ತಿಕೊಂಡು ಒಳಗೆ ಹೋದರು. ಪರರ ಮನೆಯಲ್ಲಿ ಬೀಗತಿ ಕಪ್ಪು ಎತ್ತುವುದನ್ನು ನಾನು ಅದೊಂದೇ ಸಲ ನೋಡಿದ್ದು.

ಲ್ಯಾಬಿನವರು ಹೇಳಿದ್ದು ಓಪಲ್ ಎಂದೇ. ಯುರೇನಿಯಂ ಹೆಸರಿಗೆ ಮಾತ್ರ ಇದೆ, ಯಾರೂ ಹೆದರಬೇಕಿಲ್ಲ, ಯಾರೂ ಬೀಗಬೇಕಿಲ್ಲ. ತಮ್ಮ ಒಂದು ವಾರ ನನ್ನೊಡನೆ ಮಾತು ಬಿಟ್ಟ. ಕಲ್ಲಿನ ಹೆಸರು ನಾನೇ ಕೆಡಿಸಿದೆ ಎಂಬಂತೆ. ಅಜ್ಜ ಬಚಾವಾದರು, ಶಾಸಕರೂ. ಹುಡುಗಿಯ ಹೆಸರಿನ ಮಾತು ಮಾತ್ರ ಎಲ್ಲಿಗೂ ಬರಲಿಲ್ಲ. ಲಗ್ನಪತ್ರಿಕೆ ಬಂತು, ಬಳೆ ಇಡಿಸಿದರು, ಅರಿಶಿನ ಹಚ್ಚಿದರು. ಕೇಳಿದಾಗೆಲ್ಲ "ಆಗ್ಲಿ ತಗೋರಿ, ನೋಡೂಣಂತ" ಎಂದು ಬೀಗರು ನಗುತ್ತಿದ್ದರು. ನಮ್ಮ ಕಡೆ ಇಲ್ಲ ಎನ್ನುವುದಕ್ಕೆ ಇದಕ್ಕಿಂತ ಮರ್ಯಾದೆಯ ಮಾತಿಲ್ಲ.

ಬಬಲೇಶ್ವರದ ಕಲ್ಯಾಣಮಂಟಪದಲ್ಲಿ ಅಕ್ಕಿಯ ತಟ್ಟೆ ಬಂತು. ಹುಡುಗಿ ನನ್ನ ಕಡೆ ನೋಡಿದಳು. ನನಗೆ ಮಾಡಲು ಏನೂ ಉಳಿದಿರಲಿಲ್ಲ, ಮನಸ್ಸಿನಲ್ಲೇ ಎಲ್ಲರನ್ನೂ ಬೈದುಕೊಂಡು ನಿಂತಿದ್ದೆ. ಹುಡುಗ ಉಂಗುರ ಹಿಡಿದು ಕುಳಿತ. ಬೀಗರು ಹೊಸ ಹೆಸರನ್ನು ಗಟ್ಟಿಯಾಗಿ ಹೇಳಿದರು. ಹುಡುಗ ಬರೆಯಲಿಲ್ಲ. ಬೀಗರು ಇನ್ನೊಮ್ಮೆ ಹೇಳಿದರು. ಹುಡುಗ ತಲೆಯೆತ್ತಿ ತಾಯಿಯನ್ನು ನೋಡಿದ.

"ಯವ್ವಾ, ನೀ ಹೇಳು."

ಬೀಗತಿ ಮುಂದೆ ಬಂದು, ಅಕ್ಕಿಯ ಮೇಲೆ ಅಂಗೈ ಆಡಿಸಿ ಸಮ ಮಾಡಿದರು. "ಇದ್ದದ್ದ ಬರಿ," ಎಂದರು. "ಆಕಿ ಸೋದರತ್ತಿ ಆಕಿನ್ನ ಕೇಳಿ ಇಟ್ಟಿದ್ದಲ್ಲ, ಹೊಸಾದಕ್ಕ ನಾವೂ ಕೇಳಿಲ್ಲ. ಆದ್ರ ಆಕಿ ಅದನ್ನ ಬೇಕಂದಾಳ. ಬರಿ."

ಬೀಗರು ಏನೋ ಹೇಳಲು ಹೋದರು. ಬೀಗತಿ ಅವರತ್ತ ತಿರುಗಿ ನೋಡಲಿಲ್ಲ. ಹುಡುಗ ಬರೆದ. ತೊಟ್ಟಿಲಲ್ಲಿ ನಾನು ಹೇಳಿದ್ದ ಹೆಸರು, ಗುಲಾಬಿ ಬೋರ್ಡಿನ ಹೆಸರು, ಅಕ್ಕಿಯ ಮೇಲೆ ಅಂಕುಡೊಂಕಾಗಿ ಮೂಡಿತು. ಕಣ್ಣು ಒರೆಸಿಕೊಳ್ಳುವಷ್ಟರಲ್ಲಿ ನನ್ನ ಬೆನ್ನಿಗೆ ಗುದ್ದು ಬಿತ್ತು. ಗುದ್ದಿದವರು ಬೀಗತಿ. ಹೆಸರಿಟ್ಟವಳಿಗೆ ಕೊಡಬೇಕಾದ್ದನ್ನು ಅವರು ಕೈತುಂಬ ಕೊಟ್ಟರು, ನನ್ನ ಬೆನ್ನು ನಾಲ್ಕು ದಿನ ನೋಯಿತು.

ಬೋರ್ಡು ಈಗ ಬಬಲೇಶ್ವರದಲ್ಲಿದೆ. ಕಲ್ಲೂ ಅಲ್ಲೇ ದೀಪದ ಪಕ್ಕ ಕುಳಿತು ಗಿರಾಕಿಗಳಿಗೆ ಪುಕ್ಕಟೆ ಹೊಳೆಯುತ್ತದೆ. ಮೊನ್ನೆ ಹೋಗಿದ್ದಾಗ ಬೀಗತಿ ಅಲ್ಲೇ ಕುಳಿತು ಉಗುರಿಗೆ ಬಣ್ಣ ಹಚ್ಚಿಸಿಕೊಳ್ಳುತ್ತಿದ್ದರು. ಸೊಸೆ ನೀರು ತರಲು ಹೊರಗೆ ಹೋದಾಗ ನನ್ನ ಕಿವಿಗೆ ಬಾಯಿಟ್ಟು ತಮ್ಮ ತವರಿನ ಹೆಸರು ಹೇಳಿದರು. ಚೆಂದದ ಹೆಸರು. ನಾನು ಇದನ್ನೆಲ್ಲ ಬರೆಯುತ್ತಿದ್ದೇನೆ, ನಿಮ್ಮ ಹೆಸರು ಹಾಕಲೇ ಎಂದು ಕೇಳಿದೆ. ಬದುಕಿದ್ದವರ ಒಪ್ಪಿಗೆ ಬೇಕಲ್ಲ.

ಅವರು ದೀಪದಡಿ ಬೆರಳು ಚಾಚಿದರು.

"ಬ್ಯಾಡ್ರಿ ಅಕ್ಕಾರ," ಎಂದರು. "ಈಗರೆ ತಿರುಗಿ ಸಿಕ್ಕೈತಿ. ಒಂದಿಷ್ಟ ದಿನ ನನ್ನ ಹಂತ್ಯಾಕ ಇರ್ಲಿ."