ತೊಟ್ಟಿಲ ಕಾಲಿನ ಹಳದಿ ಇರುವೆ

ಶನಿವಾರ ಬೆಳಿಗ್ಗೆ ಎಂಟಕ್ಕೆ ತುಮಕೂರಿನ ಬಟವಾಡಿಯ ಮನೆಗೆ ಬೀಗ ಹಾಕಿ ಹೊರಟೆ. ಗುಬ್ಬಿಗೆ ಇಪ್ಪತ್ತು ಕಿಲೋಮೀಟರ್, ಆಧಾರ್ ತೋರಿಸಿದರೆ ಹೆಂಗಸರಿಗೆ ಬಸ್ಸು ಬಿಟ್ಟಿ. ಗುಬ್ಬಿಯ ಶಾಂತಕ್ಕನ ಮನೆಯಲ್ಲಿರುವ ನಮ್ಮ ಮನೆತನದ ತೊಟ್ಟಿಲನ್ನು ಕುಣಿಗಲ್‌ನ ತಂಗಿ ನಾಗುವಿನ ಮನೆಗೆ ಮುಟ್ಟಿಸಬೇಕಿತ್ತು. ನಾಗುವಿನ ಮಗಳು ಮಮತಾಳ ಕೂಸಿಗೆ ಮಾರನೆಯ ದಿನ ನಾಮಕರಣ. ನಾಮಕರಣಕ್ಕೆ ಬರುವುದೇ ಇಲ್ಲ ಎಂದು ಹಟ ಹಿಡಿದಿದ್ದ ಅಕ್ಕನನ್ನು ಒಪ್ಪಿಸುವ ಕೆಲಸವನ್ನೂ ನಾನೇ ಮೈಮೇಲೆ ಎಳೆದುಕೊಂಡಿದ್ದೆ.

ಅಕ್ಕನ ಹಟಕ್ಕೆ ಕಾರಣ ಇರುವೆ. ಮೂರು ವರ್ಷದಿಂದ ಅವಳ ಮನೆ ತುಂಬ ಎಳ್ಳಿಗಿಂತ ಸಣ್ಣ ಹಳದಿ ಇರುವೆ. ಹೋದ ವರ್ಷ ಒಂದು ಸೀಮಂತಕ್ಕೆ ಅವಳು ಒಯ್ದ ರವೆ ಉಂಡೆಯ ಡಬ್ಬದಿಂದ ಇರುವೆ ಸಾಲು ಹೊರಟಿತು. ನೆಂಟರು ನಕ್ಕರು, ಒಬ್ಬರೂ ಉಂಡೆ ಮುಟ್ಟಲಿಲ್ಲ. ಹೈಸ್ಕೂಲಿನಲ್ಲಿ ಜೀವಶಾಸ್ತ್ರ ಪಾಠ ಮಾಡಿ ನಿವೃತ್ತಳಾದ ನಾನು ಸುಮ್ಮನಿರಬಾರದೆ? "ಅಡುಗೆಮನೆ ಚೊಕ್ಕಟವಾಗಿದ್ರೆ ಇರುವೆ ಯಾಕ್ ಬರುತ್ತೆ?" ಎಂದು ಎಲ್ಲರ ಮುಂದೆ ಅಂದುಬಿಟ್ಟೆ. ಆ ದಿನ ಅಕ್ಕ ಖಾಲಿಯಾಗದ ಡಬ್ಬವನ್ನು ಸೆರಗಿನಲ್ಲಿ ಮುಚ್ಚಿಕೊಂಡು ಹೋದಳು.

ಗುಬ್ಬಿ ತಲುಪಿದಾಗ ಅವಳ ಮನೆ ಕನ್ನಡಿಯ ಹಾಗೆ ಹೊಳೆಯುತ್ತಿತ್ತು. ಬಿಸಿ ತಟ್ಟೆ ಇಡ್ಲಿ, ಕಾಯಿ ಚಟ್ನಿ ಬಡಿಸಿದಳು. ಸಕ್ಕರೆ ಡಬ್ಬ ನೀರಿನ ತಟ್ಟೆಯ ನಡುವೆ ಕೂತಿತ್ತು.

"ಬಾರೇ ಅಕ್ಕ, ಮಗೂನ್ ನೋಡಲ್ವಾ?"

"ಬುಡೇ. ಬಂದ್ರೆ ಇರುವೆ ಶಾಂತಮ್ಮ ಬಂದ್ಲು ಅಂತಾರೆ. ದಿನಕ್ ಎರಡ್ ಸಲ ನೆಲ ಒರೆಸ್ತೀನಿ, ಸ್ಪ್ರೇ ಹೊಡಿತೀನಿ. ಹೊಡೆದಷ್ಟೂ ಜಾಸ್ತಿ ಆಗ್ತವೆ. ಮೊಮ್ಮಗನ್ನ ಈ ತೊಟ್ಲಿಗ್ ಹಾಕಿದ್ ತಿಂಗ್ಳೇ ಶುರುವಾಯ್ತು ಕಣೇ. ಹಾಲಿನ್ ವಾಸ್ನೆಗ್ ಬಂದ್ವೇನೋ."

ತೊಟ್ಟಿಲು ಬರಿದಾಗಿ ಹೊಸಿಲು ದಾಟಬಾರದು ಎಂಬುದು ನಮ್ಮಮ್ಮ ಹಾಕಿಕೊಟ್ಟ ಪದ್ಧತಿ. ಅಕ್ಕ ಎರಡು ಕೊಬ್ಬರಿ ಬಟ್ಟಲಿಗೆ ಬೆಲ್ಲ ತುಂಬಿ, ಬಿಳಿ ಬಟ್ಟೆಯಲ್ಲಿ ಕಟ್ಟಿ ತೊಟ್ಟಿಲಲ್ಲಿಟ್ಟಳು. ಬಾಗಿಲಲ್ಲಿ ನಿಂತು ಅದನ್ನು ಒಮ್ಮೆ ತೂಗಿದಳು.

ಬಸ್ಸಿನಲ್ಲಿ ಕಂಡಕ್ಟರ್ ತಮಾಷೆ ಮಾಡಿದ. "ನಿಮ್ಗೆ ಫ್ರೀ ಅಮ್ಮ. ತೊಟ್ಲಿಗೆ ಆಧಾರ್ ಐತಾ?" ಲಗೇಜ್ ಟಿಕೆಟ್ ತೆಗೆದುಕೊಂಡೆ. ತುಮಕೂರಿನಲ್ಲಿ ಇಳಿದು ಕುಣಿಗಲ್ ಬಸ್ಸು ಹಿಡಿದು, ತೊಟ್ಟಿಲನ್ನು ಕಾಲ ಬಳಿ ಇರಿಸಿಕೊಂಡೆ. ಒಳ್ಳೆಯ ಬಿಸಿಲು.

ಅಕ್ಕನಿಗೆ ನೆರವಾಗಲೆಂದು ಈಚೆಗೆ ನಾನು ಈ ಇರುವೆಯ ಬಗ್ಗೆ ಓದಿದ್ದೆ. ಫೇರೋ ಇರುವೆ ಎಂದು ಹೆಸರು. ಮನುಷ್ಯರ ಸಾಮಾನು ಸರಂಜಾಮಿನ ಜೊತೆ ಹಡಗು, ರೈಲು ಹತ್ತಿ ಊರೂರಿಗೆ ಹರಡಿದ ಪ್ರಾಣಿ. ಇದರ ರಾಣಿಯರು ಬೇರೆ ಇರುವೆಗಳಂತೆ ಹಾರಿಹೋಗಿ ಹೊಸ ಗೂಡು ಕಟ್ಟುವುದಿಲ್ಲ. ಒಂದೇ ಗೂಡಿನಲ್ಲಿ ಹಲವು ರಾಣಿಯರು, ಅದೂ ಜಗಳವಿಲ್ಲದೆ. ಔಷಧಿ ಹೊಡೆದು ಗಾಬರಿಪಡಿಸಿದರೆ ಗೂಡು ಒಡೆದು ಪಾಲಾಗುತ್ತದೆ. ಒಂದೊಂದು ಗುಂಪು ಮೊಟ್ಟೆ ಮರಿಗಳನ್ನು ಬಾಯಲ್ಲಿ ಕಚ್ಚಿಕೊಂಡು ಹೊಸ ಸಂದಿಗೆ ಬಿಡಾರ ಬದಲಿಸುತ್ತದೆ. ಮರಿಗಳನ್ನು ಬಿಟ್ಟು ಓಡದ ಆ ಜೀವದ ಮೇಲೆ ನನಗೆ ಪ್ರೀತಿಯೇ ಹುಟ್ಟಿತ್ತು.

ಹೆಬ್ಬೂರು ದಾಟಿದ ಮೇಲೆ ಕೊಬ್ಬರಿ ಗಂಟಿನ ಮೇಲೆ ಸಣ್ಣ ಹಳದಿ ಗೆರೆ ಕಂಡಿತು. ಬಗ್ಗಿ ನೋಡಿದೆ. ಗೆರೆ ತೊಟ್ಟಿಲಿನ ಕಾಲಿನ ಬಿರುಕಿನಿಂದ ಹೊರಟಿತ್ತು.

ಆಗ ನೆನಪಾಯಿತು. ಮೂರು ವರ್ಷದ ಹಿಂದೆ ಈ ತೊಟ್ಟಿಲು ನನ್ನ ಮೊಮ್ಮಗಳದಾಗಿತ್ತು. ನಮ್ಮ ಸ್ವಿಚ್ ಬೋರ್ಡಿನಲ್ಲಿ ಹಳದಿ ಇರುವೆ ಕಂಡು ನಾನು ಡಬ್ಬಗಟ್ಟಲೆ ಸ್ಪ್ರೇ ಹೊಡೆದಿದ್ದೆ. ವಾರದಲ್ಲಿ ಮಾಯ! ನನ್ನ ಚೊಕ್ಕಟತನಕ್ಕೆ ನಾನೇ ಬೆನ್ನು ತಟ್ಟಿಕೊಂಡೆ. ಮರುವಾರ ತೊಟ್ಟಿಲನ್ನು ಗುಬ್ಬಿಗೆ ಕಳಿಸಿದೆ, ದಾರಿಯ ಬುತ್ತಿಯೆಂಬಂತೆ ಕೊಬ್ಬರಿ ಬೆಲ್ಲವನ್ನೂ ಇಟ್ಟು. ಅಕ್ಕನ ಅಡುಗೆಮನೆಯದು ಏನೇನೂ ತಪ್ಪಿರಲಿಲ್ಲ. ನಾಚಿಕೆಯಿಂದ ಮುಖ ಬಿಸಿಯಾಯಿತು.

ಗಂಟನ್ನೂ ತೊಟ್ಟಿಲನ್ನೂ ಪ್ಲಾಸ್ಟಿಕ್ ಚೀಲದಲ್ಲಿ ಬಿಗಿಯಾಗಿ ಸುತ್ತಿದೆ. ಕುಣಿಗಲ್ ಕೆರೆಯ ಗಾಳಿ ಮುಖಕ್ಕೆ ಬಡಿದಾಗಲೂ ನೆಮ್ಮದಿಯಾಗಲಿಲ್ಲ.

ನಾಗುವಿನ ಹೊಸಿಲಿನ ಹೊರಗೇ ನಿಂತು ನಡೆದದ್ದೆಲ್ಲ ಹೇಳಿದೆ. ಮಮತಾಳಿಗೆ ಸಿಸೇರಿಯನ್ ಹೊಲಿಗೆ ಇನ್ನೂ ಮಾಗಿರಲಿಲ್ಲ. ಗಾಯ, ಹಾಲು ಎರಡಕ್ಕೂ ಈ ಇರುವೆ ಮುತ್ತುತ್ತದೆ. ಅವಳು ಮಾತ್ರ ನಕ್ಕುಬಿಟ್ಟಳು. "ದೊಡ್ಡಮ್ಮ, ಕೂಸಿಗೆ ಸೀರೆ ಜೋಲಿ ಕಟ್ಟೋಣ. ತೊಟ್ಲು ಹಿತ್ಲಲ್ಲಿರ್ಲಿ."

ಹಿತ್ತಲಿನ ಕಲ್ಲಿನ ಮೇಲೆ, ನಾಲ್ಕು ಕಾಲಿಗೂ ನೀರು ತುಂಬಿದ ಬಟ್ಟಲಿಟ್ಟು, ಚೀಲ ಬಿಚ್ಚಿ ತೊಟ್ಟಿಲು ನಿಲ್ಲಿಸಿದೆವು. ಇರುವೆ ಹತ್ತದಿರಲೆಂದು ಇಡುವ ಬಟ್ಟಲು, ಇಲ್ಲಿ ಅವು ಇಳಿಯದಿರಲಿ ಎಂದು. ಕೇರಂ ಬೋರ್ಡಿಗೆ ಹಾಕುವ ಬೋರಿಕ್ ಪುಡಿಯನ್ನು ಸಕ್ಕರೆ ನೀರಿಗೆ ಚಿಟಿಕೆಯಷ್ಟು ಬೆರೆಸಿ, ಹತ್ತಿಯಲ್ಲಿ ಅದ್ದಿ ಬಿರುಕಿನ ಪಕ್ಕ ಇಟ್ಟೆ. ಕೆಲಸದ ಇರುವೆಗಳು ಅದನ್ನು ಒಯ್ದು ರಾಣಿಯರಿಗೂ ಉಣಿಸುತ್ತವೆ. ನಿಧಾನದ ಮದ್ದು. ಇಡುವಾಗ ಅವುಗಳ ಮೇಲೆ ಕನಿಕರವೂ ಆಯಿತು.

ಆಮೇಲೆ ಗುಬ್ಬಿಗೆ ಫೋನ್ ಮಾಡಿದೆ.

"ಅಕ್ಕ, ಇರುವೆ ನಿನ್ ಮನೇದಲ್ಲ. ನನ್ ಮನೇದು. ತೊಟ್ಲಲ್ಲಿ ನಾನೇ ಕಳ್ಸಿದ್ದು."

ಮೂಗು ಸೀಟಿದ ಸದ್ದು ಕೇಳಿತು.

"ಮೂರ್ ವರ್ಷ ನನ್ ಕೈಲಿ ನೆಲ ಒರೆಸಿಸಿದ್ಯಲ್ಲೇ ಟೀಚರಮ್ಮ! ನಾಳೆ ಮೊದಲ್ನೇ ಬಸ್ಸಿಗೆ ಬರ್ತೀನಿ. ರವೆ ಉಂಡೆ ತರ್ತೀನಿ. ಎಲ್ರ ಮುಂದೆ ಮೊದಲ್ನೇದ್ ನೀನ್ ತಿನ್ಬೇಕು."

ಭಾನುವಾರ ಜೋಲಿಯಲ್ಲಿ ಕೂಸಿಗೆ ಹೆಸರಿಟ್ಟ ಮೇಲೆ, ತುಂಬಿದ ಮನೆಯಲ್ಲಿ ಎದ್ದು ನಿಂತು, ಇರುವೆಯ ಕಥೆಯನ್ನು ನಾನೇ ಹೇಳಿದೆ. ಅಕ್ಕ ಡಬ್ಬದ ಮುಚ್ಚಳ ತೆಗೆದು ನನ್ನ ಮುಂದೆ ಹಿಡಿದಳು. ಉಂಡೆಯ ಮೇಲೆ ಒಂದು ಹಳದಿ ಇರುವೆ ಓಡಾಡುತ್ತಿತ್ತು. ನಾನು ಅದನ್ನು ಮೆಲ್ಲಗೆ ಊದಿ, ಉಂಡೆಯನ್ನು ಬಾಯಿಗಿಟ್ಟೆ. ಸಂಜೆ ಹೊರಡುವ ಹೊತ್ತಿಗೆ ಡಬ್ಬ ಖಾಲಿಯಾಗಿತ್ತು.