ಸರೋಜಕ್ಕನ ತೋರುಬೆರಳು

ಸರೋಜಕ್ಕ, ನಿಮ್ಮ ಬಲಗೈ ತೋರುಬೆರಳು ಸೊಟ್ಟಗೆ ಉಳಿದದ್ದು ಹಗ್ಗದಿಂದಲ್ಲ, ನನ್ನಿಂದ. ಇಷ್ಟು ಹೇಳುವುದಕ್ಕೆ ನನಗೆ ಆರು ವರ್ಷ ಬೇಕಾಯಿತು. ಹೇಳದೆ ಇರುವುದೂ ಒಂದು ದುಡಿಮೆಯೇ — ದಿನಾ ಎದ್ದು ಮಾಡಬೇಕು, ರಜೆ ಇಲ್ಲ. ಈಗ ದಣಿದಿದ್ದೇನೆ.

ನಾನು ಯಾರೆಂದು ನಿಮಗೆ ಗೊತ್ತು. ಶಿಕಾರಿಪುರದ ಆಸ್ಪತ್ರೆಯಲ್ಲಿ, ಔಷಧಿ ಅಂಗಡಿಯ ಪಕ್ಕದ ಕಿಟಕಿಯ ಹಿಂದೆ ಕಂಪ್ಯೂಟರ್ ಇಟ್ಟುಕೊಂಡು ಕೂರುವವನು. ನೀವು ಆನವಟ್ಟಿಯಿಂದ ಬಸ್ಸಿಗೆ ಬಂದಾಗಲೆಲ್ಲ ‘ತಮ್ಮಾ’ ಎಂದು ಮಾತಾಡಿಸಿ ಹೋಗುತ್ತೀರಿ. ಆದರೆ ಅಲ್ಲಿ ನಾನು ಏನು ಮಾಡುತ್ತೇನೆಂದು ನೀವು ಕೇಳಿಲ್ಲ. ಡಾಕ್ಟರು ಬರೆದದ್ದನ್ನು ಓದಿ, ಒಂದೊಂದು ಕಾಯಿಲೆಗೂ ಒಂದೊಂದು ಗಾಯಕ್ಕೂ ಪಟ್ಟಿಯಲ್ಲಿರುವ ಅಂಕಿ ಹುಡುಕಿ ಹಾಕುವುದು ನನ್ನ ಕೆಲಸ. ಕೋಡಿಂಗ್ ಅನ್ನುತ್ತಾರೆ. ವಿಮೆಯವರು ನಿಮ್ಮ ಮುಖ ನೋಡುವುದಿಲ್ಲ, ಕೈಯನ್ನೂ ನೋಡುವುದಿಲ್ಲ. ಅಂಕಿ ನೋಡಿ ಹೂಂ ಅನ್ನುತ್ತಾರೆ, ಇಲ್ಲವೇ ಊಹೂಂ ಅನ್ನುತ್ತಾರೆ.

ಆರು ವರ್ಷದ ಹಿಂದೆ ಬೆರಳು ತೋರಿಸಲು ನೀವು ಬಂದದ್ದು ಒಂದು ಶುಕ್ರವಾರ. ಶಿವಮೊಗ್ಗದಿಂದ ಮೂಳೆ ಡಾಕ್ಟರು ಬರುವುದು ಮಂಗಳವಾರ ಮತ್ತು ಶುಕ್ರವಾರ ಮಾತ್ರ, ಆದ್ದರಿಂದ ಆ ದಿನ ಕಾರಿಡಾರಿನಲ್ಲಿ ಕಾಲಿಡಲು ಜಾಗವಿರಲಿಲ್ಲ. ಗದ್ದೆಯಿಂದ ಹಸು ಹೊಡೆದುಕೊಂಡು ಬರುವಾಗ ಎಡಗೈಯಲ್ಲಿ ಹುಲ್ಲಿನ ಹೊರೆ ಹಿಡಿದು, ಹಗ್ಗದ ತುದಿಯನ್ನು ಬಲಗೈ ತೋರುಬೆರಳಿಗೆ ಎರಡು ಸುತ್ತು ಸುತ್ತಿಕೊಂಡಿದ್ದಿರಿ. ನಮ್ಮ ಕಡೆ ಯಾರು ಸುತ್ತಿಕೊಳ್ಳುವುದಿಲ್ಲ ಹೇಳಿ? ಹಿಂದಿನಿಂದ ಗದ್ದೆ ಉಳುವ ಟಿಲ್ಲರ್ ಸದ್ದು ಮಾಡುತ್ತ ಬಂತು, ಹಸು ಬೆದರಿ ಎಳೆಯಿತು. ಬೆರಳು ಬದನೆಕಾಯಿಯ ಹಾಗೆ ಊದಿತ್ತು.

ಡಾಕ್ಟರು ಬೆರಳನ್ನು ಪಕ್ಕಕ್ಕೆ ಬಾಗಿಸಿ ನೋಡಿದರು. ನಾನು ಬೇರೆ ಯಾವುದೋ ಫೈಲಿಗೆ ಸಹಿ ಹಾಕಿಸಲು ಅಲ್ಲೇ ನಿಂತಿದ್ದೆ. “ಕೀಲಿನ ಪಕ್ಕದ ನಾರು ಪೂರ್ತಿ ಹರಿದಿದೆ ರೀ. ಎರಡು ವಾರದೊಳಗೆ ಹೊಲಿದ್ರೆ ಸರಿಹೋಗುತ್ತೆ. ಅಪ್ರೂವಲ್‌ಗೆ ಹಾಕಿ” ಎಂದರು. ಈ ಮಾತನ್ನು ನಾನು ಕಿವಿಯಾರೆ ಕೇಳಿದ್ದೇನೆ. ಆದರೆ ಕಾಗದದ ಮೇಲೆ ಅವರು ಅವಸರದಲ್ಲಿ ಬರೆದದ್ದು ‘ಬಲ ತೋರುಬೆರಳು, ಲಿಗಮೆಂಟ್ ಇಂಜುರಿ’ ಎಂದಷ್ಟೇ. ಹರಿದಿದೆ ಎಂದು ಇರಲಿಲ್ಲ.

ಬೆರಳಿನ ನಾರು ಹರಿದರೆ ಅರವತ್ಮೂರು ಪಾಯಿಂಟ್ ನಾಲ್ಕು. ಬರೀ ಉಳುಕಿದರೆ ಅರವತ್ಮೂರು ಪಾಯಿಂಟ್ ಆರು. ಬರೆದದ್ದು ಸ್ಪಷ್ಟವಿಲ್ಲದಿದ್ದರೆ ಡಾಕ್ಟರನ್ನು ಕೇಳಿ ಬರೆಸಿಕೊಳ್ಳಬೇಕು ಎಂಬುದು ನಮಗೆ ಮೊದಲ ದಿನ ಕಲಿಸುವ ಪಾಠ. ಕೇಳಲು ಹತ್ತು ಹೆಜ್ಜೆ ನಡೆಯಬೇಕಿತ್ತು. ಹಿಂದಿನ ಮಂಗಳವಾರ ಹೀಗೇ ಕೇಳಲು ಹೋದಾಗ ಅವರು ರೋಗಿಗಳ ಎದುರಿಗೇ “ಡಾಕ್ಟರ್ ನೀವೋ ನಾನೋ?” ಎಂದಿದ್ದರು. ಆ ಮಾತು ಇನ್ನೂ ಚುಚ್ಚುತ್ತಿತ್ತು. ನಾನು ಏಳಲಿಲ್ಲ. ಬರೆದಷ್ಟಕ್ಕೆ ಹಾಕುತ್ತೇನೆ, ನನಗೇನು — ಎಂದುಕೊಂಡು ಆರು ಒತ್ತಿದೆ. ಗೊತ್ತಿಲ್ಲದೆ ಒತ್ತಿದ್ದಲ್ಲ ಅಕ್ಕ.

ಸೋಮವಾರ ವಿಮೆಯವರ ಉತ್ತರ ಬಂತು: ಉಳುಕಿಗೆ ಶಸ್ತ್ರಚಿಕಿತ್ಸೆ ಅಗತ್ಯವಿಲ್ಲ.

ಇಲ್ಲಿಯವರೆಗಿನದು ಉಡಾಫೆ. ಮುಂದಿನದಕ್ಕೆ ಏನು ಹೆಸರಿಡಬೇಕೋ... ಅದನ್ನು ಓದಿದ ಕೂಡಲೇ ಎಲ್ಲಿ ತಪ್ಪಾಗಿದೆ ಎಂದು ನನಗೆ ಗೊತ್ತಾಯಿತು. ಸರಿಪಡಿಸುವ ದಾರಿಯೂ ಇತ್ತು. ಮಾರನೆಯ ದಿನ ಡಾಕ್ಟರಿಂದ ಒಂದು ಸಾಲು ಬರೆಸಿ, ಅಂಕಿ ತಿದ್ದಿ, ‘ಕೋಡಿಂಗ್ ತಪ್ಪು’ ಎಂದು ನಮೂದಿಸಿ, ಕೆಳಗೆ ನನ್ನ ಸಹಿ ಹಾಕಿ ಮತ್ತೆ ಕಳಿಸಿದ್ದರೆ ಆಗುತ್ತಿತ್ತು. ಆ ತಿಂಗಳಲ್ಲಿ ಅಂಥ ಎರಡು ಕಾಗದಕ್ಕೆ ಆಗಲೇ ಸಹಿ ಹಾಕಿದ್ದೆ. ಮೂರನೆಯದಾದರೆ ನೋಟಿಸು ಎಂದು ಮ್ಯಾನೇಜರು ಹೇಳಿದ್ದರು. ನೋಟಿಸು ಅಂದರೆ ಒಂದು ಹಾಳೆ, ಅಷ್ಟೇ. ನಿಮ್ಮ ಬೆರಳನ್ನೂ ಆ ಹಾಳೆಯನ್ನೂ ಎದುರುಬದುರು ಇಟ್ಟು ನೋಡಿ, ನಾನು ಹಾಳೆಗೆ ಹೆದರಿದೆ.

ಡಾಕ್ಟರಿಗೆ ಫೋನಿನಲ್ಲಿ “ರಿಜೆಕ್ಟ್ ಆಯ್ತು ಸರ್” ಎಂದೆ. ಯಾಕೆ ಎಂದು ಅವರು ಕೇಳಲಿಲ್ಲ, ನಾನು ಹೇಳಲಿಲ್ಲ. “ಹಾಗಾದ್ರೆ ಪಟ್ಟಿ ಹಾಕಿ ಕಳಿಸಿ, ಏನ್ ಮಾಡೋಕಾಗುತ್ತೆ” ಎಂದರು. ಮಂಗಳವಾರ ನೀವು ಕಿಟಕಿಗೆ ಬಂದಿರಿ. “ನಿಮ್ಮ ವಿಮೆಯೊಳಗೆ ಇದು ಬರಂಗಿಲ್ಲಂತ್ರೀ ಅಕ್ಕಾ” ಎಂದೆ.

ನೀವು ಒಂದು ಗಳಿಗೆ ಬೆರಳು ನೋಡಿಕೊಂಡಿರಿ. ಆಮೇಲೆ — ಈ ಮಾತು ನಿಮಗೆ ಮರೆತಿರಬಹುದು — “ನೀನಾರ ಏನ್ ಮಾಡ್ತೀಯ ತಮ್ಮಾ. ಹಗ್ಗ ಸುತ್ಕಂಡಿದ್ದು ನಾನಲ್ಲೇನು” ಎಂದಿರಿ. ನಾನು ತಲೆಯಾಡಿಸಿದೆ. ಹೌದು ಎಂಬಂತೆ ತಲೆಯಾಡಿಸಿದೆ.

ನಿಮ್ಮ ಟೈಲರಿಂಗ್ ಬಗ್ಗೆ ನನಗೆ ತಿಳಿದದ್ದು ಆಮೇಲೆ. ಆನವಟ್ಟಿ ಸುತ್ತಮುತ್ತ ಮದುವೆಯ ರವಿಕೆ ಎಂದರೆ ಸರೋಜಕ್ಕನೇ ಹೊಲಿಯಬೇಕು ಅನ್ನುತ್ತಿದ್ದರಂತೆ. ಈಗ ಕತ್ತರಿ ಹಿಡಿದರೆ ಬೆರಳು ಪಕ್ಕಕ್ಕೆ ಜಾರುತ್ತದೆ, ಸೂಜಿ ನಿಲ್ಲುವುದಿಲ್ಲ, ಹುಕ್ಕು ಕಾಜ ಮಾಡಲಾಗುವುದಿಲ್ಲ. ಮಿಷನ್ನಿನಲ್ಲಿ ಸೀರೆಯ ಅಂಚಿಗೆ ಪೀಕೋ ಹೊಡೆದುಕೊಡುತ್ತೀರಿ, ಅಷ್ಟೇ. ಇದನ್ನು ನೀವೇ ಒಮ್ಮೆ ಕಿಟಕಿಯ ಹತ್ತಿರ ನಿಂತು ಹೇಳಿದಿರಿ. ದೂರಲಿಲ್ಲ. ಬಸ್ಸು ತಡವಾದದ್ದನ್ನು ಹೇಳುವ ಹಾಗೆ ಹೇಳಿದಿರಿ. ನಾನು ಕಂಪ್ಯೂಟರ್ ನೋಡುತ್ತಿದ್ದೆ.

ಅಂದಿನಿಂದ ಬೆರಳಿನ ಕಾಗದ ಬಂದರೆ ಎರಡೆರಡು ಸಲ ಎದ್ದು ಹೋಗಿ ಕೇಳುತ್ತೇನೆ. ಡಾಕ್ಟರು ರೇಗುತ್ತಾರೆ, ರೇಗಲಿ. ಅದರಿಂದ ಬೇರೆಯವರ ಬೆರಳು ಉಳಿದಿರಬಹುದು. ನಿಮಗೇನು ಬಂತು?

ಹೋದ ತಿಂಗಳು ನಿಮ್ಮ ಯಜಮಾನರ ಸಕ್ಕರೆ ಪರೀಕ್ಷೆಗೆಂದು ಇಬ್ಬರೂ ಬಂದಿದ್ದಿರಿ. ಫಾರಂಗೆ ಸಹಿ ಹಾಕಲು ಪೆನ್ನು ಕೊಟ್ಟೆ. ನೀವು ಅದನ್ನು ನಡುಬೆರಳಿಗೂ ಹೆಬ್ಬೆರಳಿಗೂ ನಡುವೆ ಸಿಕ್ಕಿಸಿಕೊಂಡು ಒಂದೊಂದೇ ಅಕ್ಷರ ಬರೆದಿರಿ. ಹಿಂದೆ ಸಾಲು ಬೆಳೆಯುತ್ತಿತ್ತು. ಯಜಮಾನರು ಎಲ್ಲರಿಗೂ ಕೇಳುವಂತೆ, “ಬೆರಳಿಗೆ ಹಗ್ಗ ಸುತ್ಕಬ್ಯಾಡ ಅಂತ ನೂರು ಸಲ ಬಡ್ಕಂಡಿದ್ದೆ ಕಣ್ರೀ, ಕೇಳಿದ್ಲೇನು?” ಎಂದರು. ಸಾಲಿನವರು ನಕ್ಕರು. ನೀವೂ ನಕ್ಕಿರಿ. ಸರೋಜಕ್ಕ, ನಾನೂ ನಕ್ಕೆ.

ಆ ನಗು ಮನೆಗೆ ಹೋದರೂ ನನ್ನನ್ನು ಬಿಡಲಿಲ್ಲ. ಆರು ವರ್ಷ ನಿಮ್ಮ ಮನೆಯಲ್ಲಿ, ಬೀದಿಯಲ್ಲಿ, ಬಸ್ಸಿನಲ್ಲಿ ಎಲ್ಲರೂ ನಿಮ್ಮದೇ ತಪ್ಪು ಎಂದು ಹೇಳಿದ್ದಾರೆ, ನೀವೂ ನಂಬಿದ್ದೀರಿ. ಬೇರೆ ಮಾತೊಂದಿದೆ ಎಂದು ಗೊತ್ತಿದ್ದವನು ನಾನೊಬ್ಬನೇ. ಆ ಮಾತನ್ನು ಬಾಯೊಳಗೆ ಇಟ್ಟುಕೊಂಡೇ ನಿಮ್ಮಿಂದ ತಮ್ಮಾ ಎನ್ನಿಸಿಕೊಂಡೆ.

ಡಾಕ್ಟರಿಗೆ ಮೊನ್ನೆ ಎಲ್ಲವನ್ನೂ ಹೇಳಿದೆ. ಈಗ ಹೊಲಿದರೂ ಮೊದಲಿನಂತಾಗುವ ಭರವಸೆ ಇಲ್ಲ, ಒಮ್ಮೆ ಕರೆದುಕೊಂಡು ಬನ್ನಿ ನೋಡೋಣ ಎಂದರು. ಮ್ಯಾನೇಜರಿಗೂ ಬರೆದುಕೊಟ್ಟಿದ್ದೇನೆ. ಅಂದು ಹೆದರಿ ಬಿಟ್ಟ ಆ ಮೂರನೆಯ ಕಾಗದಕ್ಕೆ ಈಗ ನನ್ನ ಸಹಿ ಬಿತ್ತು.

ಬರುವ ಭಾನುವಾರ ಆನವಟ್ಟಿಗೆ ಬರುತ್ತೇನೆ. ಈ ಕಾಗದವನ್ನು ನಿಮ್ಮ ಕೈಗಲ್ಲ, ಯಜಮಾನರ ಕೈಗೆ ಕೊಡುತ್ತೇನೆ. ಸಾಲಿನಲ್ಲಿ ಮಾತಾಡಿದಷ್ಟೇ ಗಟ್ಟಿಯಾಗಿ ಅವರು ಇದನ್ನು ಓದಲಿ. ಅವರು ಓದಿ ಮುಗಿಸುವವರೆಗೆ ನಾನು ಎದುರಿಗೇ ಕೂತಿರುತ್ತೇನೆ. ಅಲ್ಲಿಯವರೆಗೆ ನನಗೆ ಚಾ ಇಡಬೇಡಿ ಅಕ್ಕ.